ಛಾಪಾ ಕಾಗದಕ್ಕೆ ದಂಡಿಸುವ ಹಕ್ಕಿಲ್ಲ

ನಮ್ಮ ಕಡೆ ಕರಾರಿನ ಜಗಳ ಯಾವುದೇ ಇರಲಿ, ನಾಲ್ಕು ಜನ ಪಂಚಾತಿಕೆಗೆ ಕೂತ ಮೇಲೆ ಬರುವ ಮಾತು ಒಂದೇ: ‘ಸೈ ಹಾಕಿ ಆಯ್ತಲೆ, ಇನ್ನು ಕೊಡ್ಕೇ.’ ಗಂಗೊಳ್ಳಿ ಬಂದರಿನಲ್ಲಿ ಬೋಟಿನ ಮುಂಗಡ ಪಡೆದು ಕಾಣೆಯಾದ ಖಲಾಸಿಯ ವಿಷಯಕ್ಕೂ ಇದೇ ಮಾತು. ತಿರುಗಾಟದ ನಡುವೆ ಮೇಳ ಬಿಟ್ಟ ವೇಷಧಾರಿಗೂ ಇದೇ ಮಾತು. ಎರಡು ವರ್ಷದ ಬಾಂಡ್ ಬರೆದುಕೊಟ್ಟು ಒಂದೇ ವರ್ಷಕ್ಕೆ ಕೆಲಸ ಬಿಟ್ಟು ಬ್ರಹ್ಮಾವರಕ್ಕೆ ಮರಳಿದ ನರ್ಸಿಂಗ್ ಹುಡುಗಿಗೂ, ಬೈಂದೂರಿನಲ್ಲಿ ಜಾಗಕ್ಕೆ ಅಡ್ವಾನ್ಸ್ ಕೊಟ್ಟು ಉಳಿದ ಹಣ ಹೊಂದಿಸಲಾಗದೆ ಕೂತವನಿಗೂ ಇದೇ ಮಾತು. ಎಷ್ಟು ಕೊಡಬೇಕು, ಯಾಕೆ ಅಷ್ಟು, ಎದುರಿನವನಿಗೆ ನಿಜಕ್ಕೂ ಏನು ಲುಕ್ಸಾನಾಯಿತು ಎಂದು ಯಾರೂ ಕೇಳುವುದಿಲ್ಲ. ಕಾಗದದಲ್ಲಿ ಬರೆದ ಅಂಕಿಯೇ ತೀರ್ಪು.

ಓದಿದವರು, ವ್ಯವಹಾರಸ್ಥರು, ಸೊಸೈಟಿಯ ನಿರ್ದೇಶಕರು, ಕೆಲವು ವಕೀಲರು ಕೂಡ ಈ ಅಭಿಪ್ರಾಯವನ್ನು ನ್ಯಾಯವೆಂದೇ ತಿಳಿದಿದ್ದಾರೆ. ಅದು ತಪ್ಪೆಂದು ಹೇಳಲು ಈ ಲೇಖನ. ಕೊಟ್ಟ ಮಾತು ಉಳಿಸಿಕೊಳ್ಳಬೇಕು. ಉಳಿಸಿಕೊಳ್ಳದವನು ಎದುರಿನವನ ನಷ್ಟ ತುಂಬಿಕೊಡಬೇಕು. ಇಷ್ಟಕ್ಕೆ ನನ್ನ ತಕರಾರಿಲ್ಲ. ಆದರೆ ನಷ್ಟ ತುಂಬಿಕೊಡುವುದು ಒಂದು, ಶಿಕ್ಷೆ ಅನುಭವಿಸುವುದು ಇನ್ನೊಂದು. ಒಬ್ಬ ಖಾಸಗಿ ವ್ಯಕ್ತಿ ಇನ್ನೊಬ್ಬ ಖಾಸಗಿ ವ್ಯಕ್ತಿಗೆ ದಂಡ ಹಾಕುವ ಅಧಿಕಾರವನ್ನು ಯಾವ ಕರಾರೂ ಕೊಡಲಾರದು. ಎರಡು ಸಹಿ, ಒಬ್ಬ ನೋಟರಿಯ ಮೊಹರು ಇದ್ದ ಮಾತ್ರಕ್ಕೆ ಆ ಅಧಿಕಾರ ಹುಟ್ಟುವುದಿಲ್ಲ.

ಇದು ನನ್ನ ಆಸೆಯ ಮಾತಲ್ಲ, 150 ವರ್ಷ ಮೀರಿದ ಕಾಯ್ದೆಯ ಮಾತು. 1872ರ ಭಾರತೀಯ ಕರಾರು ಕಾಯ್ದೆಯ 73ನೇ ಕಲಂ, ಕರಾರು ಮುರಿದಾಗ ಸಹಜವಾಗಿ ಉಂಟಾದ ನಷ್ಟಕ್ಕೆ ಪರಿಹಾರ ಕೊಡಿಸುತ್ತದೆ. ದೂರದ, ಸುತ್ತಿಬಳಸಿದ ನಷ್ಟಕ್ಕೆ ಕೊಡಿಸುವುದಿಲ್ಲ. ಕರಾರಿನಲ್ಲೇ ಮೊತ್ತ ಬರೆದಿದ್ದರೆ ಏನು ಗತಿ ಎಂಬುದಕ್ಕೆ 74ನೇ ಕಲಂ ಉತ್ತರ ಕೊಡುತ್ತದೆ: ನೊಂದವನಿಗೆ ಸಿಗುವುದು ನ್ಯಾಯವಾದ ಪರಿಹಾರ ಮಾತ್ರ, ಬರೆದ ಮೊತ್ತ ಅದರ ಮೇಲ್ಮಿತಿ. ಅಂದರೆ ಐದು ಲಕ್ಷವೆಂದು ಬರೆದಿದ್ದರೆ ಅದಕ್ಕಿಂತ ಹೆಚ್ಚು ಕೇಳುವಂತಿಲ್ಲ, ಅಷ್ಟೇ. ಐದು ಲಕ್ಷವೂ ಸಿಗಲೇಬೇಕೆಂದು ಕಾಯ್ದೆ ಎಲ್ಲಿಯೂ ಹೇಳಿಲ್ಲ. ನಮ್ಮ ಪಂಚಾತಿಕೆಗಳು ಈ ಮೇಲ್ಮಿತಿಯನ್ನೇ ಬೆಲೆಯೆಂದು ಓದುತ್ತಿವೆ.

ಈ ಕಲಮಿಗೆ 1899ರಲ್ಲಿ ತಿದ್ದುಪಡಿಯಾಯಿತು. ಅದರ ಕೆಳಗಿರುವ ಉದಾಹರಣೆಗಳು ನಮ್ಮ ಅಜ್ಜಂದಿರ ಕಾಲದ ಸಾಲಗಾರರನ್ನು ಎದುರಿಗೆ ಕೂರಿಸಿಕೊಂಡು ಬರೆದಂತಿವೆ. ಸಾಲಗಾರನೊಬ್ಬ ಇಂಥ ದಿನ ಹತ್ತು ಮಣ ಧಾನ್ಯ ಅಳೆದು ಸಾಲ ತೀರಿಸುತ್ತೇನೆ, ತಪ್ಪಿದರೆ ಇಪ್ಪತ್ತು ಮಣ ಅಳೆಯುತ್ತೇನೆ ಎಂದು ಸಾಹುಕಾರನಿಗೆ ಬರೆದುಕೊಡುತ್ತಾನೆ. ಇನ್ನೊಬ್ಬ ಸಾವಿರ ರೂಪಾಯಿಗೆ ಶೇ. 12ರ ಬಡ್ಡಿ ಒಪ್ಪಿ, ವಾಯಿದೆ ತಪ್ಪಿದ ದಿನದಿಂದ ಶೇ. 75 ಕೊಡುವುದಾಗಿ ಬರೆಯುತ್ತಾನೆ. ಎರಡೂ ದಂಡದ ಷರತ್ತುಗಳು, ಸಾಹುಕಾರನಿಗೆ ಸಿಗುವುದು ನ್ಯಾಯವಾದ ಪರಿಹಾರವಷ್ಟೇ ಎಂದು ಕಾಯ್ದೆ ಆಗಲೇ ಹೇಳಿತು. ಬ್ರಿಟಿಷರ ಕಾಲದ ಶಾಸನಕ್ಕೇ ಕಂಡ ಅನ್ಯಾಯ ಇಂದಿನ ನಮ್ಮ ಪಂಚಾತಿಕೆಗಳಿಗೆ ಕಾಣದಿರುವುದು ನೋವಿನ ಸಂಗತಿ.

ಸುಪ್ರೀಂ ಕೋರ್ಟು ಇದನ್ನು ಮತ್ತೆ ಮತ್ತೆ ಹೇಳಿದೆ. 1963ರ ಫತೇಚಂದ್ ಪ್ರಕರಣದಲ್ಲಿ ದೆಹಲಿಯ ಒಂದು ಬಂಗಲೆಯ ಖರೀದಿ ಮುರಿದುಬಿತ್ತು. ಕೊಳ್ಳುವವನು ಕೊಟ್ಟಿದ್ದ 25,000 ರೂಪಾಯಿಯನ್ನು ಮಾರುವವನು ಪೂರ್ತಿ ಉಳಿಸಿಕೊಳ್ಳಲು ಹೊರಟ. ಕೋರ್ಟು ಮುಂಗಡದ 1,000 ರೂಪಾಯಿ ಮಾತ್ರ ಉಳಿಸಿಕೊಳ್ಳಲು ಬಿಟ್ಟಿತು. ನಷ್ಟವನ್ನು ತೋರಿಸದ ಕಾರಣ ಉಳಿದ 24,000ಕ್ಕೆ ಒಪ್ಪಲಿಲ್ಲ. 1969ರ ಮೌಲಾ ಬಕ್ಷ್ ಪ್ರಕರಣದಲ್ಲಿ ಸೈನ್ಯಕ್ಕೆ ಆಲೂಗಡ್ಡೆ, ಕೋಳಿ, ಮೊಟ್ಟೆ, ಮೀನು ಪೂರೈಸಬೇಕಿದ್ದ ಗುತ್ತಿಗೆದಾರ ಪೂರೈಸಲಿಲ್ಲ. ಸರಕಾರ ಅವನ ಠೇವಣಿ ಮುಟ್ಟುಗೋಲು ಹಾಕಿತು. ಬೇರೆಯವರಿಂದ ಎಷ್ಟು ದರಕ್ಕೆ ಕೊಂಡಿರಿ, ಎಷ್ಟು ಹೆಚ್ಚು ಖರ್ಚಾಯಿತು ಎಂದು ಲೆಕ್ಕ ಕೊಡಲು ಸಾಧ್ಯವಿದ್ದೂ ಕೊಡಲಿಲ್ಲವೆಂದು ಕೋರ್ಟು ಆ ಮುಟ್ಟುಗೋಲನ್ನು ಮಾನ್ಯ ಮಾಡಲಿಲ್ಲ. 2015ರ ಕೈಲಾಶ್‌ನಾಥ್ ಪ್ರಕರಣ ಇನ್ನೂ ಸ್ಪಷ್ಟ. ದೆಹಲಿ ಅಭಿವೃದ್ಧಿ ಪ್ರಾಧಿಕಾರ ಹರಾಜಿನ 78 ಲಕ್ಷ ರೂಪಾಯಿ ಮುಂಗಡವನ್ನು ಮುಟ್ಟುಗೋಲು ಹಾಕಿ, 3.12 ಕೋಟಿಗೆ ಹೋಗಿದ್ದ ಅದೇ ನಿವೇಶನವನ್ನು ಆಮೇಲೆ 11.78 ಕೋಟಿಗೆ ಮಾರಿತ್ತು. ನಷ್ಟವೇ ಆಗದ ಮೇಲೆ ಪರಿಹಾರ ಎಲ್ಲಿಂದ ಬರುತ್ತದೆ? ಬಡ್ಡಿ ಸಮೇತ ಹಣ ವಾಪಸು ಕೊಡಿ ಎಂದಿತು ಕೋರ್ಟು.

ಬೈಂದೂರಿನ ಜಾಗದ ಅಡ್ವಾನ್ಸಿನ ಜಗಳಕ್ಕೆ ಈ ಮೂರು ತೀರ್ಪುಗಳಲ್ಲಿ ಪೂರ್ತಿ ಉತ್ತರವಿದೆ. ಕೊಳ್ಳುವವನು ಹಿಂದೆ ಸರಿದ ಆರೇ ತಿಂಗಳಲ್ಲಿ ಮಾರುವವನು ಅದೇ ಹತ್ತು ಸೆಂಟ್ಸನ್ನು ಹೆಚ್ಚಿನ ಬೆಲೆಗೆ ಕೊಟ್ಟಿದ್ದರೆ, ಮೊದಲಿನವನ ಲಕ್ಷಗಟ್ಟಲೆ ಹಣವನ್ನು ಯಾವ ನಷ್ಟದ ಲೆಕ್ಕದಲ್ಲಿ ಇಟ್ಟುಕೊಂಡ? ಮುಂಗಡವೆಂಬ ಸಣ್ಣ ಮೊತ್ತ ಹೋಗಲಿ. ಕಂತಿನ ಮೇಲೆ ಕಂತು ಕಟ್ಟಿದ ದುಡ್ಡು ಹೋಗಬಾರದು.

ನೌಕರಿಯ ಬಾಂಡುಗಳತ್ತ ಬರೋಣ. ಕುಂದಾಪುರ, ಬೈಂದೂರು, ಬ್ರಹ್ಮಾವರ ತಾಲೂಕುಗಳಲ್ಲಿ ದುಡಿಯುವ ವಯಸ್ಸಿನ ಮಕ್ಕಳು ಹೊರಗೆ ಹೋಗದ ಮನೆ ಅಪರೂಪ. ಮೊದಲು ಮುಂಬಯಿಯ ಹೋಟೆಲುಗಳಿಗೆ ಹೋಗುತ್ತಿದ್ದರು. ಈಗ ಬೆಂಗಳೂರಿನ ಕಂಪನಿ, ಆಸ್ಪತ್ರೆ, ಕೊಲ್ಲಿ ದೇಶ, ಹಡಗು. ಹೋಗುವಾಗ ಬರೆದುಕೊಡುವ ಪತ್ರಗಳ ಒಕ್ಕಣೆ ಹೆಚ್ಚುಕಡಿಮೆ ಒಂದೇ. ಒಂದನ್ನು ಕೈಗೆತ್ತಿಕೊಂಡು ಸಾವಕಾಶವಾಗಿ ಓದಿ. ತಲೆಬರಹ: ಇಂಡೆಮ್ನಿಟಿ ಬಾಂಡ್. ಮೊದಲ ಪುಟದಲ್ಲಿ ಹುಡುಗಿಯ ಹೆಸರು, ತಂದೆಯ ಹೆಸರು, ಅಂಚೆ, ಗ್ರಾಮ. ಎರಡನೆಯ ಪುಟದಲ್ಲಿ ‘ಸ್ವಸಂತೋಷದಿಂದ, ಯಾರ ಒತ್ತಾಯವೂ ಇಲ್ಲದೆ’ ಎಂಬ ಮಾತು. ಆಮೇಲೆ ಇಪ್ಪತ್ತನಾಲ್ಕು ತಿಂಗಳ ಒಳಗೆ ಯಾವುದೇ ಕಾರಣಕ್ಕೆ ಕೆಲಸ ಬಿಟ್ಟರೆ ಇಷ್ಟು ಲಕ್ಷ ಕೊಡತಕ್ಕದ್ದು ಎಂಬ ಸಾಲು. ನಷ್ಟ ಎಷ್ಟೆಂಬುದರಲ್ಲಿ ಸಂಸ್ಥೆಯ ತೀರ್ಮಾನವೇ ಅಂತಿಮ, ಅದನ್ನು ಪ್ರಶ್ನಿಸತಕ್ಕದ್ದಲ್ಲ ಎಂಬ ಇನ್ನೊಂದು ಸಾಲು. ಕೊನೆಯ ಪುಟದಲ್ಲಿ ಜಾಮೀನುದಾರನೆಂದು ತಂದೆಯ ಸಹಿ. ಜೊತೆಗೆ ಮೊತ್ತ ಬರೆಯದ ಒಂದು ಚೆಕ್ಕು, ಹತ್ತನೇ ತರಗತಿಯಿಂದ ಡಿಪ್ಲೊಮಾವರೆಗಿನ ಅಸಲು ಅಂಕಪಟ್ಟಿಗಳು.

ಇಡೀ ಪತ್ರದಲ್ಲಿ ಎಲ್ಲಿಯೂ ಸಿಗದ ವಿಷಯವೊಂದಿದೆ. ಈ ಹುಡುಗಿಯ ತರಬೇತಿಗೆ ಸಂಸ್ಥೆ ಎಷ್ಟು ಖರ್ಚು ಮಾಡಿತು ಎಂಬ ಅಂಕಿ ಇಲ್ಲ. ಅವಳು ಎರಡನೆಯ ತಿಂಗಳಲ್ಲಿ ಬಿಟ್ಟರೂ ಅಷ್ಟೇ ಲಕ್ಷ, ಇಪ್ಪತ್ತಮೂರನೆಯ ತಿಂಗಳಲ್ಲಿ ಬಿಟ್ಟರೂ ಅಷ್ಟೇ ಲಕ್ಷ. ಮದುವೆಯಾಗಿ ಬಿಟ್ಟರೂ, ತಾಯಿಗೆ ಕಾಯಿಲೆಯಾಗಿ ಬಿಟ್ಟರೂ, ಮೂರು ತಿಂಗಳು ಸಂಬಳ ಬಾರದೆ ಬಿಟ್ಟರೂ ಅಷ್ಟೇ. ಕರಾರು ಕಾಯ್ದೆಯ 124ನೇ ಕಲಂ ಇಂಡೆಮ್ನಿಟಿಯನ್ನು ವಿವರಿಸುವುದು ಎದುರಿನವನನ್ನು ನಷ್ಟದಿಂದ ಪಾರುಮಾಡುವ ವಾಗ್ದಾನವೆಂದು. ನಷ್ಟ ಹತ್ತು ಸಾವಿರವಾದರೆ ಹತ್ತು ಸಾವಿರ, ನಷ್ಟವಿಲ್ಲದಿದ್ದರೆ ಏನೂ ಇಲ್ಲ. ನಷ್ಟ ಏರಿದರೂ ಇಳಿದರೂ ಅಲುಗದ ಅಂಕಿ ಇರುವ ಪತ್ರಕ್ಕೆ ಮೇಲೆ ಏನೇ ತಲೆಬರಹ ಕೊಟ್ಟರೂ ಒಳಗಿರುವುದು ದಂಡವೇ. ಕೋರ್ಟು ನೋಡಬೇಕಾದ್ದು ಒಳಗಿನ ಲೆಕ್ಕವನ್ನು.

ಆ ಖಾಲಿ ಚೆಕ್ಕಿನ ಬಗ್ಗೆಯೂ ಹೇಳಬೇಕು. ಈ ಇಡೀ ವ್ಯವಸ್ಥೆಯ ಹಲ್ಲು ಇರುವುದು ಅಲ್ಲಿ. ನೆಗೋಷಿಯೇಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 138ನೇ ಕಲಮಿನ ಪ್ರಕಾರ ಚೆಕ್ಕು ಅಮಾನ್ಯವಾದರೆ ಎರಡು ವರ್ಷದವರೆಗೆ ಜೈಲು, ಅಥವಾ ಚೆಕ್ಕಿನ ಮೊತ್ತದ ಎರಡು ಪಟ್ಟಿನವರೆಗೆ ದಂಡ, ಅಥವಾ ಎರಡೂ. ಖಾಲಿ ಚೆಕ್ಕಿಗೆ ಸಹಿ ಹಾಕಿ ತಾನಾಗಿ ಕೊಟ್ಟಿದ್ದರೂ ಅದು ಸಾಲಕ್ಕಾಗಿಯೇ ಕೊಟ್ಟದ್ದೆಂಬ ಊಹೆ ನಿಲ್ಲುತ್ತದೆಂದು ಸುಪ್ರೀಂ ಕೋರ್ಟು 2019ರಲ್ಲಿ ಹೇಳಿತು. ಅಲ್ಲವೆಂದು ಸಾಬೀತುಪಡಿಸುವ ಹೊರೆ ಸಹಿ ಹಾಕಿದವನ ಮೇಲೆ. ಸಂಸ್ಥೆ ಸಿವಿಲ್ ಕೋರ್ಟಿಗೆ ಹೋದರೆ 74ನೇ ಕಲಮಿನ ಪ್ರಕಾರ ನಷ್ಟದ ಲೆಕ್ಕ ಕೊಡಬೇಕಾಗುತ್ತದೆ. ಅದನ್ನು ತಪ್ಪಿಸಿಕೊಳ್ಳಲು ಚೆಕ್ಕಿನಲ್ಲಿ ತಾನೇ ಮೊತ್ತ ತುಂಬಿ ಬ್ಯಾಂಕಿಗೆ ಹಾಕುತ್ತದೆ. ಪರಿಹಾರದ ದಾವೆಯಾಗಬೇಕಿದ್ದದ್ದು ಕ್ರಿಮಿನಲ್ ಕೇಸಾಗುತ್ತದೆ. ಊರಿನ ಮನೆಗೆ ಸಮನ್ಸು ಬರುತ್ತದೆ. ಅಪ್ಪ ಎರಡು ಪವನಿನ ಸರ ಅಡವಿಟ್ಟು ರಾಜಿ ಮಾಡಿಕೊಳ್ಳುತ್ತಾನೆ. ಖಾಸಗಿಯವರು ಬರೆದ ದಂಡವನ್ನು ವಸೂಲಿ ಮಾಡಲು ಸರಕಾರದ ಜೈಲನ್ನು ಎರವಲು ಪಡೆದಂತಾಯಿತು. ಇದನ್ನು ಕೊಟ್ಟ ಮಾತಿನ ಗೌರವವೆಂದು ಹೇಳುವವರು ಆ ಮನೆಯ ಅಂಗಳದಲ್ಲಿ ಒಮ್ಮೆ ನಿಂತು ಹೇಳಲಿ.

ಇಲ್ಲಿ ಎದುರು ಪಕ್ಷದವರು ಹೊಸದೊಂದು ತೀರ್ಪನ್ನು ಮುಂದಿಡುತ್ತಾರೆ. ಅದಕ್ಕೆ ಉತ್ತರ ಕೊಡದೆ ಮುಂದೆ ಹೋಗುವಂತಿಲ್ಲ. ಅದು ನಮ್ಮದೇ ಜಿಲ್ಲೆಯ ಬ್ಯಾಂಕಿನ ಪ್ರಕರಣ. 1931ರಲ್ಲಿ ಮಂಗಳೂರಿನಲ್ಲಿ ಎ.ಬಿ. ಶೆಟ್ಟಿಯವರ ಮುಂದಾಳ್ತನದಲ್ಲಿ ಹುಟ್ಟಿ, ಅವಿಭಜಿತ ದಕ್ಷಿಣ ಕನ್ನಡದ ಸಾವಿರಾರು ಮನೆಗಳಿಗೆ ಅನ್ನ ಕೊಟ್ಟು, 2019ರಲ್ಲಿ ಬ್ಯಾಂಕ್ ಆಫ್ ಬರೋಡಾದಲ್ಲಿ ವಿಲೀನವಾದ ವಿಜಯಾ ಬ್ಯಾಂಕು ಅದು. 2006ರಲ್ಲಿ ಅಧಿಕಾರಿಗಳ ನೇಮಕಾತಿಗೆ ಪ್ರಕಟಣೆ ಕೊಟ್ಟಾಗ, ಮೂರು ವರ್ಷ ಮುಗಿಯುವ ಮೊದಲು ಬಿಟ್ಟರೆ 2 ಲಕ್ಷ ರೂಪಾಯಿ ಕೊಡಬೇಕೆಂದು ಇಂಡೆಮ್ನಿಟಿ ಬಾಂಡ್ ಕೇಳಿತ್ತು. 2007ರಲ್ಲಿ ಸೇರಿದ ಹಿರಿಯ ಮ್ಯಾನೇಜರ್ ಒಬ್ಬರು 2009ರಲ್ಲಿ ಇನ್ನೊಂದು ಬ್ಯಾಂಕಿಗೆ ಹೋಗಲು ರಾಜೀನಾಮೆ ಕೊಟ್ಟರು, ಪ್ರತಿಭಟಿಸುತ್ತಲೇ 2 ಲಕ್ಷ ಕಟ್ಟಿದರು, ಕೋರ್ಟಿಗೆ ಹೋದರು. ಕರ್ನಾಟಕ ಹೈಕೋರ್ಟು ಅವರ ಪರವಾಗಿ ತೀರ್ಪು ಕೊಟ್ಟಿತು. 2025ರ ಮೇ 14ರಂದು ಸುಪ್ರೀಂ ಕೋರ್ಟು ಅದನ್ನು ತಳ್ಳಿಹಾಕಿ ಬ್ಯಾಂಕಿನ ಷರತ್ತನ್ನು ಎತ್ತಿಹಿಡಿಯಿತು.

‘ನೋಡಿ, ಬಾಂಡ್ ಸಿಂಧು ಎಂದು ಸುಪ್ರೀಂ ಕೋರ್ಟೇ ಹೇಳಿದೆ’ ಎಂಬ ಮಾತು ಅಂದಿನಿಂದ ಎಲ್ಲ ಕಡೆ ಓಡಾಡುತ್ತಿದೆ. ತೀರ್ಪು ಹೇಳಿದ್ದು ಅಷ್ಟೇ ಅಲ್ಲ. ಸಾರ್ವಜನಿಕ ವಲಯದ ಬ್ಯಾಂಕು ಬೇಕಾದವರನ್ನು ಕರೆದು ಕೂರಿಸುವಂತಿಲ್ಲ. ಒಬ್ಬ ಅಧಿಕಾರಿ ಬಿಟ್ಟುಹೋದರೆ ಬಹಿರಂಗ ಪ್ರಕಟಣೆ, ಪರೀಕ್ಷೆ, ಆಯ್ಕೆ ಎಲ್ಲವನ್ನೂ ಮತ್ತೆ ಮಾಡಬೇಕು, ಅದು ಖರ್ಚಿನ ಬಾಬತ್ತು ಎಂಬುದನ್ನು ಕೋರ್ಟು ಪರಿಗಣಿಸಿತು. ಆ ಹುದ್ದೆಯ ಸಂಬಳಕ್ಕೆ ಹೋಲಿಸಿದರೆ 2 ಲಕ್ಷ ರಾಜೀನಾಮೆಯನ್ನೇ ಅಸಾಧ್ಯವಾಗಿಸುವಷ್ಟು ದೊಡ್ಡ ಮೊತ್ತವಲ್ಲವೆಂದು ನೋಡಿತು. ಅಂದರೆ ಮೊತ್ತ, ಸಂಬಳ, ಸಂಸ್ಥೆಯ ಸ್ವರೂಪ ಮೂರನ್ನೂ ತೂಗಿತು. ತಿಂಗಳಿಗೆ 15 ಸಾವಿರದ ಕೆಲಸಕ್ಕೆ ಎರಡು ಲಕ್ಷದ ಬಾಂಡ್ ಬರೆಸಿಕೊಂಡು, ಹುಡುಗಿ ಬಿಟ್ಟ ಮರುವಾರವೇ ಇನ್ನೊಬ್ಬಳನ್ನು ಫೋನಿನಲ್ಲಿ ಕರೆಸಿಕೊಳ್ಳುವ ಖಾಸಗಿ ಸಂಸ್ಥೆಗೆ ಈ ತೀರ್ಪು ಆಸರೆಯಾಗಲಾರದು.

ಇಷ್ಟು ಹೇಳಿದ ಮೇಲೂ, ಆ ತೀರ್ಪು ನನಗೆ ಪೂರ್ತಿ ಸಮಾಧಾನ ತಂದಿಲ್ಲ. ಆ ಅಧಿಕಾರಿ ಮೂರು ವರ್ಷಗಳಲ್ಲಿ ಹೆಚ್ಚುಕಡಿಮೆ ಎರಡು ವರ್ಷ ದುಡಿದಿದ್ದರು. ಒಂದೇ ತಿಂಗಳು ದುಡಿದವನಿಗೂ ಅವರಿಗೂ ಒಂದೇ ಮೊತ್ತವಾದರೆ, ದುಡಿದ ಅವಧಿಗೆ ಬೆಲೆಯೇ ಇಲ್ಲವೆಂದಾಯಿತು. ಸೇವೆ ಸಲ್ಲಿಸಿದಷ್ಟೂ ನಷ್ಟ ಇಳಿಯಬೇಕು, ನಷ್ಟ ಇಳಿದಷ್ಟೂ ಮೊತ್ತ ಇಳಿಯಬೇಕು. ಇಳಿಯದಿದ್ದರೆ ಅದು ನಷ್ಟವನ್ನು ಅಳೆಯುತ್ತಿಲ್ಲ.

ಇನ್ನು ಎಲ್ಲಕ್ಕಿಂತ ಹೆಚ್ಚು ಕೇಳಿಬರುವ ವಾದ: ದಂಡದ ಭಯ ಇಲ್ಲದಿದ್ದರೆ ಯಾರು ಮಾತಿಗೆ ನಿಲ್ಲುತ್ತಾರೆ? ಮೇಳದ ಯಜಮಾನರೂ ಬೋಟಿನ ಮಾಲಕರೂ ಇದನ್ನು ಹೇಳುವಾಗ ಅವರ ಕಷ್ಟ ಸುಳ್ಳಲ್ಲ. ಅದನ್ನು ಹತ್ತಿರದಿಂದ ನೋಡೋಣ.

ಯಕ್ಷಗಾನ ಮೇಳದ ತಿರುಗಾಟ ದೀಪಾವಳಿ ಕಳೆದು ಶುರುವಾಗಿ ಮೇ ಕೊನೆಯ ಹೊತ್ತಿಗೆ ಮುಗಿಯುತ್ತದೆ. ಕಲಾವಿದರನ್ನು ಅದಕ್ಕೆ ಮೊದಲೇ ಗೊತ್ತುಮಾಡಿ, ವೀಳ್ಯ ಕೊಟ್ಟು, ಮುಂಗಡ ಕೊಟ್ಟು, ಕರಾರು ಮಾಡಿಕೊಳ್ಳುತ್ತಾರೆ. ಜನವರಿಯಲ್ಲಿ ಒಬ್ಬ ಪ್ರಧಾನ ವೇಷಧಾರಿ ಬಿಟ್ಟುಹೋದರೆ ನಷ್ಟವೆಷ್ಟು? ಡೇರೆ ಮೇಳವಾಗಿದ್ದರೆ ನಷ್ಟ ನಿಜ ಮತ್ತು ದೊಡ್ಡದು. ಸಾಲಿಗ್ರಾಮ, ಪೆರ್ಡೂರಿನಂಥ ಮೇಳಗಳಲ್ಲಿ ಕಲಾವಿದನ ಹೆಸರಿಗೇ ಟಿಕೆಟು ಹೋಗುತ್ತದೆ. ಕರಪತ್ರ ಮತ್ತೆ ಅಚ್ಚಾಗಬೇಕು, ಬದಲಿ ಕಲಾವಿದನಿಗೆ ಹೆಚ್ಚು ಸಂಬಳ ಕೊಡಬೇಕು, ಕಂಟ್ರಾಕ್ಟು ಹಿಡಿದವರು ದರ ಇಳಿಸಿ ಕೇಳುತ್ತಾರೆ. ಇವೆಲ್ಲ ಲೆಕ್ಕಕ್ಕೆ ಸಿಗುವ ಬಾಬತ್ತುಗಳು. ಮಂದಾರ್ತಿ, ಮಾರಣಕಟ್ಟೆಯಂಥ ಹರಕೆ ಮೇಳದಲ್ಲಿ ಸ್ಥಿತಿ ಬೇರೆ. ಸೇವಾಕರ್ತರು ಆಟ ಆಡಿಸುವುದು ದೇವಿಯ, ಬ್ರಹ್ಮಲಿಂಗೇಶ್ವರನ ಹರಕೆಗಾಗಿ; ಯಾವುದೋ ಒಬ್ಬ ಕಲಾವಿದ ಇಲ್ಲವೆಂದು ಯಾರೂ ಹರಕೆ ಬಿಡುವುದಿಲ್ಲ. ಎರಡೂ ಬಗೆಯ ಮೇಳಕ್ಕೆ ಒಂದೇ ದಂಡದ ಅಂಕಿಯನ್ನು ನಕಲು ಮಾಡಿ ಕರಾರಿಗೆ ಸೇರಿಸಿದರೆ ಅದನ್ನು ನಷ್ಟದ ಅಂದಾಜು ಎನ್ನಲಾಗದು.

ಮಾತು ಮುರಿದ ಕಲಾವಿದನ ಎದುರು ಕಾನೂನು ಕೈಕಟ್ಟಿ ಕೂತಿಲ್ಲ. 1852ರಲ್ಲಿ ಲಂಡನ್ನಿನ ಒಂದು ರಂಗಮಂದಿರದ ಕರಾರು ಮುರಿದು ಇನ್ನೊಂದರಲ್ಲಿ ಹಾಡಲು ಹೊರಟ ಯೊಹಾನಾ ವಾಗ್ನರ್ ಎಂಬ ಗಾಯಕಿಗೆ ಅಲ್ಲಿಯ ಕೋರ್ಟು ಹೇಳಿದ್ದು ಇಷ್ಟು: ನಿನ್ನನ್ನು ಹಾಡು ಎಂದು ನಾವು ಬಲವಂತ ಮಾಡಲಾರೆವು, ಆದರೆ ಬೇರೆ ಕಡೆ ಹಾಡುವುದಿಲ್ಲವೆಂದು ಒಪ್ಪಿದ ಅವಧಿಯಲ್ಲಿ ಬೇರೆ ಕಡೆ ಹಾಡುವಂತಿಲ್ಲ. ನಮ್ಮ 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 42ನೇ ಕಲಮಿನಲ್ಲಿಯೂ ಇಂಥ ತಡೆಯಾಜ್ಞೆಗೆ ದಾರಿಯಿದೆ. ಯಜಮಾನರು ಕೊಟ್ಟ ಮುಂಗಡ ವಾಪಸು ಕೇಳಬಹುದು, ಆದ ನಷ್ಟ ಕೇಳಬಹುದು, ಪ್ರತಿಸ್ಪರ್ಧಿ ಮೇಳದಲ್ಲಿ ಗೆಜ್ಜೆ ಕಟ್ಟದಂತೆ ಅದೇ ತಿರುಗಾಟದ ಮಟ್ಟಿಗೆ ತಡೆ ಕೇಳಬಹುದು. ಇಷ್ಟು ಇದ್ದಮೇಲೂ ಮುಂಗಡದ ಹತ್ತು ಪಟ್ಟು ದಂಡ ಬೇಕೆನ್ನುವುದು ಹಗೆ ತೀರಿಸುವ ಮನಸ್ಸು. ಹಗೆ ತೀರಿಸಲು ಕೋರ್ಟು ಇರುವುದಲ್ಲ.

ಮೀನುಗಾರಿಕೆಯಲ್ಲೂ ಹೀಗೆಯೇ. ಜೂನ್ 1ರಿಂದ ಜುಲೈ 31ರವರೆಗಿನ 61 ದಿನಗಳ ನಿಷೇಧದಲ್ಲಿ ಬೋಟುಗಳು ದಡದಲ್ಲಿರುತ್ತವೆ. ಆ ಹೊತ್ತಿಗೆ ಮುಂದಿನ ಹಂಗಾಮಿನ ಜನವನ್ನು ಮುಂಗಡ ಕೊಟ್ಟು ಗೊತ್ತುಮಾಡುತ್ತಾರೆ. ಆಗಸ್ಟ್ ಮೊದಲ ವಾರ ಖಲಾಸಿ ಬಾರದಿದ್ದರೆ ಬೋಟು ಧಕ್ಕೆಯಲ್ಲೇ ಕಟ್ಟಿಬಿದ್ದು, ಬ್ಯಾಂಕಿನ ಕಂತು ಮಾತ್ರ ಓಡುತ್ತದೆ. ಮಾಲಕನ ಸಂಕಟಕ್ಕೆ ಪರಿಹಾರ ಬೇಕು. ಪಡೆದ ಮುಂಗಡ ಸಾಲ, ಅದನ್ನು ಖಲಾಸಿ ತೀರಿಸಲೇಬೇಕು. ಆದರೆ ಆಧಾರ್ ಕಾರ್ಡು ಕಿತ್ತಿಟ್ಟುಕೊಳ್ಳುವುದು, ಮುಂಗಡ ತೀರುವವರೆಗೆ ಬೇರೆ ಬೋಟು ಹತ್ತದಂತೆ ಕಟ್ಟಿಹಾಕುವುದು, ಬಡ್ಡಿಯ ಮೇಲೆ ದಂಡ ಸೇರಿಸಿ ತೀರದಂತೆ ಮಾಡುವುದು ನಮ್ಮನ್ನು 1976ರ ಜೀತ ಪದ್ಧತಿ ರದ್ದತಿ ಕಾಯ್ದೆಯ ಬಾಗಿಲಿಗೆ ತಂದು ನಿಲ್ಲಿಸುತ್ತದೆ. ಮುಂಗಡ ಕೊಟ್ಟವನು ದುಡಿಮೆಯನ್ನು ಕೊಂಡಿರುತ್ತಾನೆ, ದುಡಿಯುವವನನ್ನು ಕೊಂಡಿರುವುದಿಲ್ಲ.

ಯಾರು ದಂಡ ಹಾಕಬಹುದು, ದಂಡದ ದುಡ್ಡು ಎಲ್ಲಿಗೆ ಹೋಗಬೇಕು ಎಂಬ ವಿಷಯದಲ್ಲಿ ನಮ್ಮ ಊರಿನ ಹಳೆಯ ನಡವಳಿಕೆಗೆ ಇಂದಿನ ಬಾಂಡ್ ಬರೆಯುವವರಿಗಿಂತ ಹೆಚ್ಚು ವಿವೇಕವಿತ್ತು. ದೈವದ ಎದುರು, ದೇವಸ್ಥಾನದ ಎದುರು ತಪ್ಪೊಪ್ಪಿಕೊಂಡವನು ತಪ್ಪು ಕಾಣಿಕೆ ಹಾಕುತ್ತಾನೆ. ಅದು ಬೀಳುವುದು ದೇವರ ಹುಂಡಿಗೆ. ದೂರು ಕೊಟ್ಟವನಿಗೆ ಸಲ್ಲಬೇಕಾದ ಗದ್ದೆ, ಮರ, ಹಣದ ಲೆಕ್ಕ ಬೇರೆಯಾಗಿ ತೀರುತ್ತದೆ. ನಾಡಿನ ಹಳೆಯ ಶಾಸನಗಳಲ್ಲೂ ಕಟ್ಟಳೆ ಮೀರಿದವರು ಅರಮನೆಗೆ, ದೇವಾಲಯಕ್ಕೆ ಗದ್ಯಾಣಗಳ ಲೆಕ್ಕದಲ್ಲಿ ದಂಡ ತೆರಬೇಕೆಂಬ ಮಾತು ಬರುತ್ತದೆ. ನೊಂದವನಿಗೆ ನಷ್ಟ, ಊರಿಗೆ ದಂಡ: ಎರಡನ್ನೂ ಬೇರೆಯಿಟ್ಟಿದ್ದರು. ಶಿಕ್ಷೆ ಯಾರಿಗೂ ಆದಾಯವಾಗಬಾರದೆಂಬ ತಿಳಿವು ಅದರಲ್ಲಿತ್ತು. ಇಂದಿನ ಬಾಂಡಿನಲ್ಲಿ ದೂರುಗಾರನೂ ಅವನೇ, ಮೊತ್ತ ಗೊತ್ತುಮಾಡುವವನೂ ಅವನೇ, ವಿಚಾರಿಸುವವನೂ ಅವನೇ, ದುಡ್ಡು ಜೇಬಿಗಿಳಿಸುವವನೂ ಅವನೇ. ಸರಕಾರ ನೂರು ರೂಪಾಯಿ ದಂಡ ಹಾಕಬೇಕಾದರೂ ಕಾಯ್ದೆ ಬೇಕು, ನೋಟಿಸು ಬೇಕು, ನಮ್ಮ ಮಾತು ಕೇಳಬೇಕು, ಮೇಲ್ಮನವಿಗೆ ದಾರಿ ಬೇಕು. ಎರಡು ಲಕ್ಷದ ಖಾಸಗಿ ದಂಡಕ್ಕೆ ಇದಾವುದೂ ಬೇಡವೇ?

ಈ ದಂಡ ಎಲ್ಲರ ಮೇಲೂ ಸಮಾನವಾಗಿ ಬೀಳುತ್ತದೆಯೇ ಎಂದು ನೋಡಿದರೆ ಅನ್ಯಾಯ ಇನ್ನೂ ಎದ್ದು ಕಾಣುತ್ತದೆ. ಕುಂದಾಪುರದ ಶಾಸ್ತ್ರಿ ವೃತ್ತದ ಮೇಲ್ಸೇತುವೆ ವರ್ಷಗಟ್ಟಲೆ ಅರೆಬರೆಯಾಗಿ ನಿಂತದ್ದನ್ನು ನಾವೆಲ್ಲ ಕಂಡಿದ್ದೇವೆ. ದೊಡ್ಡ ಕಾಮಗಾರಿಗಳ ಕರಾರುಗಳಲ್ಲಿ ವಿಳಂಬಕ್ಕೆ ಕೊಡಬೇಕಾದ ಪರಿಹಾರಕ್ಕೆ ಒಂದು ಮಿತಿ ಬರೆದಿರುತ್ತದೆ, ಸಾಮಾನ್ಯವಾಗಿ ಕರಾರಿನ ಮೊತ್ತದ ಶೇ. 10. ಅವಧಿ ವಿಸ್ತರಣೆಗೂ ಮಧ್ಯಸ್ಥಿಕೆಗೂ ದಾರಿ ಇರುತ್ತದೆ. ಕೋಟಿಗಳ ಕರಾರಿಗೆ ಮಿತಿಯುಂಟು. ಹದಿನೈದು ಸಾವಿರದ ಸಂಬಳದವಳಿಗೆ ವರ್ಷದ ದುಡಿಮೆಗಿಂತ ಹೆಚ್ಚಿನ ದಂಡ. ಬಾಂಡಿನಲ್ಲಿ ಹುಡುಗಿ ಬಿಟ್ಟರೆ ಎರಡು ಲಕ್ಷವೆಂದಿದೆ. ಸಂಸ್ಥೆಯೇ ಅವಳನ್ನು ತೆಗೆದುಹಾಕಿದರೆ ಎಷ್ಟು ಎಂಬ ಸಾಲಿಲ್ಲ. 2016ರ ರೇರಾ ಕಾಯ್ದೆ ಬಿಲ್ಡರ್ ತಪ್ಪಿದಾಗಲೂ ಗ್ರಾಹಕ ತಪ್ಪಿದಾಗಲೂ ಬಡ್ಡಿಯ ದರ ಒಂದೇ ಇರಬೇಕೆಂದು ಹೇಳಿತು. ಮನೆ ಕೊಳ್ಳುವವರಿಗೆ ಸಿಕ್ಕ ಈ ಸಮಾನತೆ ದುಡಿಯುವವರಿಗೆ ಯಾಕೆ ಸಿಗಬಾರದು? ಬಲಾಬಲದಲ್ಲಿ ಅಜಗಜಾಂತರವಿರುವಾಗ, ಬೇರೆ ದಾರಿಯಿಲ್ಲದೆ ಒಪ್ಪಿದ ಅನ್ಯಾಯದ ಷರತ್ತು ನಿಲ್ಲುವುದಿಲ್ಲವೆಂದು ಸುಪ್ರೀಂ ಕೋರ್ಟು 1986ರಲ್ಲೇ ಬ್ರೊಜೊನಾಥ್ ಗಂಗೂಲಿ ಪ್ರಕರಣದಲ್ಲಿ ಹೇಳಿದೆ.

ಸಹಿಯೇ ಕೊನೆಯ ಮಾತು ಎನ್ನುವವರಿಗೆ ನಮ್ಮ ತಾಲೂಕುಗಳ ಇತಿಹಾಸವನ್ನೇ ನೆನಪಿಸಬೇಕು. ಇಲ್ಲಿಯ ಎಷ್ಟೋ ಮನೆಗಳ ಹಿರಿಯರು ಚಾಲಗೇಣಿಯ ಒಕ್ಕಲುಗಳಾಗಿದ್ದರು. ಇಷ್ಟು ಮುಡಿ ಅಕ್ಕಿ ಅಳೆಯುತ್ತೇನೆಂದು ಗೇಣಿಚೀಟಿಗೆ ಹೆಬ್ಬೆಟ್ಟು ಒತ್ತಿದ್ದರು. ಮಳೆ ಕೈಕೊಟ್ಟ ವರ್ಷವೂ ಚೀಟಿಯ ಅಂಕಿ ಬದಲಾಗುತ್ತಿರಲಿಲ್ಲ. ಬಾಕಿ ಬಿದ್ದರೆ ಒಕ್ಕಲೆಬ್ಬಿಸುವ ಭಯವಿತ್ತು. 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣೆ ತಿದ್ದುಪಡಿ ಆ ಚೀಟಿಗಳನ್ನು ಮೀರಿ ನಿಂತು, ಉಳುವವನಿಗೆ ‘ಡಿಕ್ಲರೇಷನ್’ ಹಾಕಲು ಹೇಳಿತು. ಒತ್ತಿದ ಹೆಬ್ಬೆಟ್ಟೇ ಕೊನೆಯ ಮಾತಾಗಿದ್ದರೆ ಇಂದು ಪಂಚಾತಿಕೆಗೆ ಕೂತು ‘ಸೈ ಹಾಕಿ ಆಯ್ತಲೆ’ ಎನ್ನುವ ಎಷ್ಟೋ ಜನರಿಗೆ ಕೂರಲು ಸ್ವಂತ ಜಗಲಿಯೇ ಇರುತ್ತಿರಲಿಲ್ಲ.

ಸಾಲದ ಜಾಮೀನಿನಲ್ಲಿಯೂ ಇದೇ ಕಾಯಿಲೆಯಿದೆ. ಸಾಲಗಾರ ಎಷ್ಟಕ್ಕೆ ಹೊಣೆಯೋ ಜಾಮೀನುದಾರನೂ ಅಷ್ಟಕ್ಕೇ ಹೊಣೆಯೆಂದು ಕರಾರು ಕಾಯ್ದೆಯ 128ನೇ ಕಲಂ ಹೇಳುತ್ತದೆ. ಹಾಗಾಗಿ ಸಾಲಗಾರನ ಮೇಲೆ ಹಾಕಿದ ಸುಸ್ತಿ ಬಡ್ಡಿ, ದಂಡ ಬಡ್ಡಿಯೆಲ್ಲ ಸ್ನೇಹಕ್ಕೆ ಕಟ್ಟುಬಿದ್ದು ಸಹಿ ಹಾಕಿದ ಶಾಲಾ ಮಾಸ್ತರರ ಸಂಬಳಕ್ಕೂ ಬಂದು ತಗಲುತ್ತದೆ. ರಿಸರ್ವ್ ಬ್ಯಾಂಕು 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ ಬ್ಯಾಂಕುಗಳಿಗೂ ಬ್ಯಾಂಕೇತರ ಹಣಕಾಸು ಸಂಸ್ಥೆಗಳಿಗೂ ಕಟ್ಟುನಿಟ್ಟಾಗಿ ಹೇಳಿತು: ದಂಡವನ್ನು ಬಡ್ಡಿದರಕ್ಕೆ ಸೇರಿಸಬಾರದು, ಅದರ ಮೇಲೆ ಮತ್ತೆ ಬಡ್ಡಿ ಹಾಕಬಾರದು, ಅದು ತಪ್ಪಿಗೆ ತಕ್ಕಷ್ಟಿರಬೇಕು, ಅದನ್ನು ಆದಾಯದ ಮೂಲ ಮಾಡಿಕೊಳ್ಳಬಾರದು. ದೇಶದ ಬ್ಯಾಂಕುಗಳಿಗೆಲ್ಲ ದೊಡ್ಡಣ್ಣನಾದವನೇ ಒಪ್ಪಿದ ಈ ತತ್ವವನ್ನು ನಮ್ಮ ಊರಿನ ಸಹಕಾರಿ ಸಂಘಗಳು ಯಾರ ಒತ್ತಾಯವೂ ಇಲ್ಲದೆ ಒಪ್ಪಿಕೊಳ್ಳಬೇಕಿತ್ತು. ಸಹಕಾರವೆಂದು ಬೋರ್ಡು ಹಾಕಿಕೊಂಡವರಿಗೆ ಅದು ಕನಿಷ್ಠ ಕರ್ತವ್ಯ.

ಹಾಗಾದರೆ ಏನು ಮಾಡಬೇಕು? ಕರಾರು ಬೇಡವೆಂದು ನಾನು ಹೇಳುತ್ತಿಲ್ಲ. ಕರಾರು ಬೇಕು, ಸ್ಪಷ್ಟವಾಗಿ ಬೇಕು. ತರಬೇತಿಗೆ ಖರ್ಚಾದರೆ ಆ ಖರ್ಚನ್ನು ಬಾಬತ್ತುವಾರು ಪತ್ರದಲ್ಲೇ ಬರೆಯಲಿ, ದುಡಿದ ತಿಂಗಳಿಗೆ ತಕ್ಕಂತೆ ಕಳೆಯುತ್ತ ಬರಲಿ. ಎರಡು ವರ್ಷದ ಬಾಂಡಿಗೆ ತರಬೇತಿಯ ಖರ್ಚು 24 ಸಾವಿರವೆಂದಿಟ್ಟುಕೊಳ್ಳಿ. ಹದಿನೆಂಟು ತಿಂಗಳು ದುಡಿದು ಬಿಟ್ಟವಳು ಕೊಡಬೇಕಾದ್ದು 6 ಸಾವಿರ. ಇದರಲ್ಲಿ ಸಂಸ್ಥೆಗೆ ಒಂದು ರೂಪಾಯಿಯೂ ಮೋಸವಿಲ್ಲ. ಆರೋಗ್ಯ, ಮದುವೆ, ಬಾಕಿ ಸಂಬಳ, ಕಿರುಕುಳದ ಕಾರಣಕ್ಕೆ ಬಿಟ್ಟರೆ ವಿನಾಯಿತಿ ಇರಲಿ. ಕೆಲಸ ಬಿಡುವವರಿಗೂ ತೆಗೆದುಹಾಕುವವರಿಗೂ ಒಂದೇ ಅಳತೆ ಇರಲಿ. ಖಾಲಿ ಚೆಕ್ಕು, ಅಸಲು ಅಂಕಪಟ್ಟಿ ಯಾವ ಕರಾರಿನ ಜೊತೆಗೂ ಹೋಗಕೂಡದು. ವಿದ್ಯಾರ್ಥಿಗಳ ಅಸಲು ಪ್ರಮಾಣಪತ್ರಗಳನ್ನು ಕಾಲೇಜುಗಳೇ ಇಟ್ಟುಕೊಳ್ಳಬಾರದೆಂದು ಯುಜಿಸಿ 2018ರಲ್ಲಿ ಹೇಳಿರುವಾಗ, ನೌಕರಿ ಕೊಟ್ಟವನಿಗೆ ಆ ಹಕ್ಕು ಎಲ್ಲಿಂದ ಬಂತು?

ಕುಂದಾಪುರದ ವಕೀಲರಿಗೂ ನೋಟರಿಗಳಿಗೂ ನನ್ನ ನೇರ ಮನವಿಯಿದೆ. ನಷ್ಟದ ಲೆಕ್ಕವಿಲ್ಲದ ದಂಡದ ಸಾಲನ್ನು ನಿಮ್ಮ ಟೈಪಿಸ್ಟರ ಕಂಪ್ಯೂಟರಿನಿಂದ ಅಳಿಸಿಬಿಡಿ. ಕೋರ್ಟಿನಲ್ಲಿ ಪೂರ್ತಿ ನಿಲ್ಲುವುದಿಲ್ಲವೆಂದು ನಿಮಗೆ ಗೊತ್ತಿದ್ದೇ ಅದನ್ನು ಬರೆಸುವುದು ಹೆದರಿಸುವುದಕ್ಕಾಗಿ ಮಾತ್ರ. ಕಕ್ಷಿದಾರನ ಹಿತ ಕಾಯುವ ಕೆಲಸ ಅದಲ್ಲ. ಬಾಂಡ್ ಮುರಿದದ್ದಕ್ಕೆ ಲೀಗಲ್ ನೋಟಿಸು ಬಂದ ಮನೆಯವರಿಗೂ ಒಂದು ಮಾತು: ಸರ ಅಡವಿಡುವ ಮೊದಲು ನಷ್ಟದ ಲೆಕ್ಕ ಕೇಳಿ ಉತ್ತರ ಬರೆಯಿಸಿ. ಲೆಕ್ಕ ಕೊಟ್ಟರೆ ಆ ಲೆಕ್ಕದಷ್ಟು ಕೊಡಿ. ಅದು ನಿಮ್ಮ ಧರ್ಮ. ಲೆಕ್ಕ ಕೊಡದವನು ಕೇಳುತ್ತಿರುವುದು ಪರಿಹಾರವನ್ನಲ್ಲ, ದಂಡವನ್ನು. ಅದನ್ನು ಕೊಡಲು ನೀವು ಬಾಧ್ಯರಲ್ಲ ಎಂದು ಈ ದೇಶದ ಕಾನೂನು ನಿಮ್ಮ ಪಕ್ಕದಲ್ಲಿ ನಿಂತು ಹೇಳುತ್ತಿದೆ. ಪಂಚಾತಿಕೆಗೆ ಕೂರುವ ನಾಲ್ಕು ಜನ ಇನ್ನು ಮುಂದೆ ಕೇಳಬೇಕಾದ ಮೊದಲ ಪ್ರಶ್ನೆಯೂ ಇದೇ: ನಷ್ಟ ಎಷ್ಟಾಯಿತು, ತೋರಿಸಿ.